ವಿಮಾ ಕಂಪನಿ ಕಟ್ಟಿದ ಅಪಘಾತ ಪರಿಹಾರ ಈಗ ನನ್ನಿಂದ ವಸೂಲಿಗೆ ಬಂದಿದೆ, ಮೇಲ್ಮನವಿಗೆ ದಾರಿ ಇದೆಯೇ?

ಪ್ರಶ್ನೆ: ಗಾಡಿ ಮಾಲೀಕ, ರಾಣೆಬೆನ್ನೂರು

ನಮಸ್ಕಾರ ರೀ. ಬ್ಯಾಡಗಿ ಮಾರುಕಟ್ಟೆಗೆ ಮೆಣಸಿನಕಾಯಿ ಚೀಲ ಹೊಡೆಯಲು ಒಂದು ಟಾಟಾ ಏಸ್ ಇಟ್ಟಿದ್ದೆ. 2019ರ ಫೆಬ್ರುವರಿಯಲ್ಲಿ ನಮ್ಮ ಡ್ರೈವರ್ ಕೈಯಲ್ಲಿ ಗಾಡಿ ಬೈಕಿಗೆ ಬಡಿದು ಒಬ್ಬ ಹುಡುಗ ತೀರಿಕೊಂಡ. ಇನ್ಶೂರೆನ್ಸ್ ಚಾಲ್ತಿಯಲ್ಲೇ ಇತ್ತು. ಕೋರ್ಟ್ ನೋಟಿಸ್ ಬಂದಾಗ ವಕೀಲರೊಬ್ಬರಿಗೆ ವಕಾಲತ್ತು ಕೊಟ್ಟೆ. "ಇನ್ಶೂರೆನ್ಸ್ ಐತಲ್ಲ, ನೀವು ಬರೋದು ಬ್ಯಾಡ" ಅಂದರು. ನಂಬಿ ಸುಮ್ಮನಾದೆ.

ಆ ವಕೀಲರು ನನ್ನ ಕಡೆಯ ಲಿಖಿತ ತಕರಾರೇ ಹಾಕಿಲ್ಲ ಅನ್ನೋದು ಈಗ ಗೊತ್ತಾಯಿತು. ಡ್ರೈವರ್ ಲೈಸೆನ್ಸ್ ಕೋರ್ಟಿನ ಮುಖವನ್ನೇ ನೋಡಿಲ್ಲ. 2022ರ ತೀರ್ಪು: ಕಂಪನಿ ಮೊದಲು ಕಟ್ಟಲಿ, ಆಮೇಲೆ ಮಾಲೀಕನಿಂದ ವಸೂಲಿ ಮಾಡಿಕೊಳ್ಳಲಿ. 9,40,000 ರೂಪಾಯಿ, ಮೇಲೆ ಬಡ್ಡಿ. ಹೋದ ತಿಂಗಳು ಅಮಲ್ಜಾರಿ (ತೀರ್ಪು ಜಾರಿ ಮಾಡಿಸುವ) ನೋಟಿಸ್ ಬಂತು, ನನ್ನ ಎರಡು ಎಕರೆ ಹೊಲದ ಜಪ್ತಿ ಕೇಳಿದ್ದಾರೆ.

ಆ ಹುಡುಗನಿಗೆ ಸಣ್ಣ ಮಗಳಿದ್ದಳು. ಮನೆಯವರಿಗೆ ಹಣ ಮುಟ್ಟಿದೆ, ಅದಕ್ಕೆ ಕೈ ಹಾಕುವ ಮನಸ್ಸು ನನಗಿಲ್ಲ. ಡ್ರೈವರಿಗೆ ಎಲ್‌.ಎಂ.ವಿ. (ಹಗುರ ಮೋಟಾರು ವಾಹನದ) ಲೈಸೆನ್ಸ್ ಇತ್ತು, ಟ್ರಾನ್ಸ್‌ಪೋರ್ಟ್ ಅಂತ ಮಾತ್ರ ನಮೂದಾಗಿರಲಿಲ್ಲ. ಇಷ್ಟಕ್ಕೇ ಹೊಲ ಹೋಗುತ್ತದೆಯೇ?

ಉತ್ತರ 1: ವಕೀಲೆ, ಧಾರವಾಡ

ಅಮಲ್ಜಾರಿ ಕೋರ್ಟಿನಲ್ಲಿ "ತೀರ್ಪೇ ತಪ್ಪು" ಎಂದು ವಾದಿಸಿ ಪ್ರಯೋಜನವಿಲ್ಲ, ಅದು ತೀರ್ಪಿನ ಹಿಂದೆ ಹೋಗುವುದಿಲ್ಲ. ಕಂಪನಿ ಪ್ರತ್ಯೇಕ ದಾವೆ ಹೂಡಬೇಕಿತ್ತು ಎಂಬ ವಾದವೂ ನಿಲ್ಲದು, 2004ರ ನಂಜಪ್ಪನ್ ಪ್ರಕರಣದಲ್ಲೇ ಸುಪ್ರೀಂ ಕೋರ್ಟ್ ಅದಕ್ಕೆ ತೆರೆ ಎಳೆದಿದೆ. ನಿಮಗಿರುವ ದಾರಿ ಮೋಟಾರು ವಾಹನ ಕಾಯ್ದೆಯ 173ನೇ ಕಲಂ, ಅಂದರೆ ಹೈಕೋರ್ಟಿನ ನಮ್ಮ ಧಾರವಾಡ ಪೀಠಕ್ಕೆ ಮೇಲ್ಮನವಿ. ಅವಧಿ 90 ದಿನ, ಅದು ಮುಗಿದು ಹೋಗಿದೆ. ಆದರೆ ತಕ್ಕ ಕಾರಣ ತೋರಿಸಿದರೆ ವಿಳಂಬ ಮನ್ನಾ ಮಾಡುವ ಅಧಿಕಾರ ಅದೇ ಕಲಮಿನಲ್ಲಿದೆ. 25,000 ರೂಪಾಯಿ ಅಥವಾ ಪರಿಹಾರದ ಅರ್ಧ, ಯಾವುದು ಕಡಿಮೆಯೋ ಅದನ್ನು ಠೇವಣಿ ಇಡಬೇಕು. ನಿಮಗೆ 25,000.

ಲೈಸೆನ್ಸ್ ವಿಷಯದಲ್ಲಿ ಕಾನೂನು ನಿಮ್ಮ ಕಡೆ ಇದೆ. 2017ರ ಮುಕುಂದ್ ದೇವಾಂಗನ್ ತೀರ್ಪನ್ನು 2024ರ ನವೆಂಬರ್ 6ರಂದು ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ ಎತ್ತಿಹಿಡಿಯಿತು: ಒಟ್ಟು ತೂಕ 7,500 ಕೆಜಿ ಒಳಗಿನ ಸಾಗಣೆ ವಾಹನಕ್ಕೆ ಎಲ್‌.ಎಂ.ವಿ. ಲೈಸೆನ್ಸ್ ಸಾಕು. ಟಾಟಾ ಏಸ್ ಆ ಮಿತಿಯ ಹತ್ತಿರಕ್ಕೂ ಬರುವುದಿಲ್ಲ. ತೊಡಕಿರುವುದು ಸಾಕ್ಷ್ಯದಲ್ಲಿ. ಲೈಸೆನ್ಸ್ ದಾಖಲೆಯಲ್ಲೇ ಇಲ್ಲವಲ್ಲ, ಅದನ್ನು ಹೆಚ್ಚುವರಿ ಸಾಕ್ಷ್ಯವಾಗಿ ಸ್ವೀಕರಿಸಿ ಎಂದು ಬೇರೆ ಅರ್ಜಿ ಹಾಕಬೇಕು.

ಇನ್ನೊಂದು ಮಾತು. ಮೇಲ್ಮನವಿ ಹಾಕಿದ ಮಾತ್ರಕ್ಕೆ ಜಪ್ತಿ ನಿಲ್ಲುವುದಿಲ್ಲ. ತಡೆಯಾಜ್ಞೆಯ ಅರ್ಜಿಯನ್ನು ಅದೇ ದಿನ ಸೇರಿಸಿ.

ಉತ್ತರ 2: ಲಾರಿ ಮಾಲೀಕ, ಹುಬ್ಬಳ್ಳಿ

ಅಣ್ಣಾ, ನಂದೂ ಇದೇ ಕಥಿ. ಹನ್ನೊಂದು ತಿಂಗಳು ತಡ ಆಗಿತ್ತು, ಮನ್ನಾ ಆತು. ವಕೀಲರ ಮ್ಯಾಲೆ ಬರೇ ತಪ್ಪು ಹೊರಿಸಿ ಅಫಿಡವಿಟ್ ಬರೀಬ್ಯಾಡ. ನೋಟಿಸ್ ಯಾವತ್ತು ಕೈಗೆ ಬಂತು, ನಕಲಿಗೆ ಯಾವತ್ತು ಅರ್ಜಿ ಹಾಕಿದಿ, ತಾರೀಖು ಸಮೇತ ಬರಿ. ಜಡ್ಜ್ ಸಾಹೇಬ್ರು ಅದನ್ನೇ ಕೇಳಿದ್ರು. ತಡೆಯಾಜ್ಞೆಗೆ ಒಂದಿಷ್ಟು ರೊಕ್ಕ ಕಟ್ಟು ಅಂದ್ರು, ಟ್ರ್ಯಾಕ್ಟರ್ ಮಾರಿ ಕಟ್ಟಿದೆ. ನೀನೂ ಮೊದಲ ರೊಕ್ಕ ಹೊಂದಿಸ್ಕೊ.

ಮತ್ತೆ ಪ್ರಶ್ನೆ ಕೇಳಿದವರು

ಇಬ್ಬರಿಗೂ ಕೈಮುಗಿಯುತ್ತೇನೆ. ನಿನ್ನೆ ಡ್ರೈವರ್ ಮನೆಗೆ ಹೋಗಿದ್ದೆ. ಅಪಘಾತ ಆದ ಮೇಲೆ ಅವನು ಸ್ಟೇರಿಂಗ್ ಮುಟ್ಟಿಲ್ಲ, ಲೈಸೆನ್ಸ್ ಮಾತ್ರ ಟ್ರಂಕಿನಲ್ಲಿ ಹಾಗೇ ಇಟ್ಟಿದ್ದಾನೆ. ನನ್ನ ಆರ್‌.ಸಿ.ಯಲ್ಲಿ ಒಟ್ಟು ತೂಕ 1,550 ಕೆಜಿ ಅಂತ ಇದೆ. ತೀರ್ಪಿನ ನಕಲಿಗೆ ಇವತ್ತು ಅರ್ಜಿ ಹಾಕಿದೆ. ಮೇಡಂ, ಲೈಸೆನ್ಸಿನ ಪ್ರತಿ ಸಾಕೋ, ಆರ್‌.ಟಿ.ಒ.ದಿಂದ ಲೈಸೆನ್ಸ್ ದಾಖಲೆಯ ಎಕ್ಸ್‌ಟ್ರ್ಯಾಕ್ಟ್ ಕೂಡ ತರಬೇಕೋ?

ಉತ್ತರ: ವಕೀಲೆ, ಧಾರವಾಡ

ಎರಡೂ ತನ್ನಿ. ಅಪಘಾತದ ದಿನ ಲೈಸೆನ್ಸ್ ಚಾಲ್ತಿಯಲ್ಲಿತ್ತು ಎಂಬುದು ಎಕ್ಸ್‌ಟ್ರ್ಯಾಕ್ಟ್‌ನಲ್ಲಿ ಕಾಣಬೇಕು. ಅಮಲ್ಜಾರಿ ಕೋರ್ಟಿನ ಮುಂದಿನ ತಾರೀಖಿಗೆ ತಪ್ಪದೆ ಹಾಜರಾಗಿ, ಈ ಸಲ ನೀವೇ ಖುದ್ದಾಗಿ ಹೋಗಿ.