ರೀಸ್ಟಾರ್ಟ್ ಮಾಡಿದಾಗ ಇದ್ದ ಫೈಲುಗಳು ಹೊಸ ವರ್ಷನ್ ಹಾಕಿದ ಮೇಲೆ ಎಲ್ಲಿ ಹೋದವು?

ಹಳೇಸರ್ವರ್

ನಮಸ್ಕಾರ. ಹನ್ನೊಂದು ವರ್ಷ ಒಂದೇ ಸರ್ವರಿನಲ್ಲಿ ಓಡುತ್ತಿದ್ದ ನಮ್ಮ ಬಿಲ್ಲಿಂಗ್ ಅಪ್ಲಿಕೇಶನ್ನನ್ನು ಕ್ಲೌಡಿಗೆ ಸಾಗಿಸುವ ಕೆಲಸ ನನ್ನ ತಲೆಗೆ ಬಂದಿದೆ. ತಂಡದಲ್ಲಿ ಇರುವುದೇ ಇಬ್ಬರು. ಲಿನಕ್ಸ್ ಚೆನ್ನಾಗಿ ಗೊತ್ತು, ಕಂಟೇನರ್ (ಅಪ್ಲಿಕೇಶನ್ನನ್ನು ಅದಕ್ಕೆ ಬೇಕಾದ್ದೆಲ್ಲದರ ಜೊತೆ ಪ್ರತ್ಯೇಕವಾಗಿ ಓಡಿಸುವ ವಿಧಾನ) ಹೊಸದು.

ಗ್ರಾಹಕರು ಅಪ್‌ಲೋಡ್ ಮಾಡುವ ರಸೀದಿಗಳು ಮೊದಲಿನಂತೆಯೇ ಅಪ್ಲಿಕೇಶನ್ ಪಕ್ಕದ ಫೋಲ್ಡರಿಗೆ ಬೀಳುತ್ತಿದ್ದವು. ಅನುಮಾನ ಇತ್ತು, ಹಾಗಾಗಿ ನನ್ನ ಕಂಪ್ಯೂಟರಿನಲ್ಲಿ ಕಂಟೇನರ್ ಓಡಿಸುವ ಡಾಕರ್ ಮೇಲೆ ಪರೀಕ್ಷೆ ಮಾಡಿದೆ. ಎರಡು ಫೈಲ್ ಹಾಕಿ ರೀಸ್ಟಾರ್ಟ್ ಮಾಡಿದೆ. ಇದ್ದವು. ಪೂರ್ತಿ ನಿಲ್ಲಿಸಿ ಶುರು ಮಾಡಿದೆ. ಆಗಲೂ ಇದ್ದವು. ಸರಿ ಬಿಡು ಎಂದು, ಕ್ಲೌಡಿನಲ್ಲಿ ಕಂಟೇನರುಗಳನ್ನು ನೋಡಿಕೊಳ್ಳುವ ಕುಬರ್ನೆಟಿಸ್‌ಗೆ ಏರಿಸಿದೆ.

ನಾಲ್ಕು ದಿನ ಏನೂ ತೊಂದರೆ ಇಲ್ಲ. ಐದನೇ ದಿನ ಒಂದು ಕಾಗುಣಿತದ ತಪ್ಪು ತಿದ್ದಿ ಹೊಸ ವರ್ಷನ್ ಹಾಕಿದೆ. ಕಾಗುಣಿತ ಸರಿಹೋಯಿತು, 212 ರಸೀದಿ ಮಾಯವಾದವು. ಅವು ಇಮೇಲಿನಲ್ಲೂ ಬಂದಿದ್ದರಿಂದ ಬದುಕಿದೆ. ಎರಡು ರಾತ್ರಿ ಕೂತು ಒಂದೊಂದಾಗಿ ವಾಪಸ್ ಹಾಕಿದೆ.

ಮುಂದಿನ ವಾರ ಪೋಸ್ಟ್‌ಗ್ರೆಸ್ ಡೇಟಾಬೇಸಿನ ಸರದಿ. ಈಗ ಕೈ ನಡುಗುತ್ತಿದೆ. ನನ್ನ ಪರೀಕ್ಷೆಯಲ್ಲಿ ತಪ್ಪಿದ್ದೆಲ್ಲಿ? ಡೇಟಾಬೇಸ್ ಮುಟ್ಟುವ ಮೊದಲು ಏನೇನು ನೋಡಿಕೊಳ್ಳಬೇಕು?

ತೆಳುಪದರ

ನೀವು ನಿಲ್ಲಿಸಿ ಎಬ್ಬಿಸಿದ್ದು ಅದೇ ಕಂಟೇನರನ್ನು. ಇಮೇಜ್ ಅಂದರೆ ಕಂಟೇನರ್ ಹುಟ್ಟುವ ಸಿದ್ಧ ಅಚ್ಚು. ಅದರ ಮೇಲೆ ಪ್ರತಿ ಕಂಟೇನರಿಗೂ ಬರೆಯಲು ಒಂದು ತೆಳು ಪದರ ಸಿಗುತ್ತದೆ. ರಸೀದಿಗಳು ಕೂತಿದ್ದು ಅಲ್ಲಿ. ಹೊಸ ವರ್ಷನ್ ಹಾಕಿದಾಗ ಹಳೆಯ ಕಂಟೇನರ್ ಪದರದ ಸಮೇತ ಹೋಗುತ್ತದೆ. ಕುಬರ್ನೆಟಿಸ್‌ನಲ್ಲಂತೂ ಅಪ್ಲಿಕೇಶನ್ ಒಮ್ಮೆ ಕ್ರ್ಯಾಶ್ ಆದರೂ ಸಾಕು, ಅದೇ ಪಾಡ್ (ಕುಬರ್ನೆಟಿಸ್ ಕಂಟೇನರನ್ನು ಇಡುವ ಗೂಡು) ಒಳಗೆ ಇಮೇಜಿನಿಂದ ಹೊಸ ಕಂಟೇನರ್ ಬರುತ್ತದೆ. ನಾಲ್ಕು ದಿನ ಉಳಿದಿದ್ದೇ ಜಾಸ್ತಿ.

ರಸೀದಿಗಳನ್ನು ಆಬ್ಜೆಕ್ಟ್ ಸ್ಟೋರೇಜಿಗೆ (ಕ್ಲೌಡಿನಲ್ಲಿ ಫೈಲುಗಳನ್ನು ಇಡುವ ಪ್ರತ್ಯೇಕ ಸೇವೆ) ಕಳಿಸಿ. ವಾಲ್ಯೂಮ್ (ಕಂಟೇನರಿನ ಹೊರಗೆ ಉಳಿಯುವ ಡಿಸ್ಕ್ ಜಾಗ) ಕೊಟ್ಟರೂ ನಡೆಯುತ್ತದೆ, ಆದರೆ ಕ್ಲೌಡಿನ ಬ್ಲಾಕ್ ಡಿಸ್ಕ್ ಸಾಮಾನ್ಯವಾಗಿ ಒಂದೇ ನೋಡ್‌ಗೆ, ಅಂದರೆ ಒಂದೇ ಯಂತ್ರಕ್ಕೆ, ಅಂಟಿಕೊಳ್ಳುತ್ತದೆ. ನಾಳೆ ಎರಡು ನೋಡ್‌ಗಳಲ್ಲಿ ಪಾಡ್ ಓಡಿಸಬೇಕಾದಾಗ ಒದ್ದಾಡುತ್ತೀರಿ.

ಡೇಟಾಬೇಸಿಗೆ ಪರ್ಸಿಸ್ಟೆಂಟ್ ವಾಲ್ಯೂಮ್ ಬೇಕೇ ಬೇಕು. ಅಲ್ಲಿ ರಿಕ್ಲೇಮ್ ಪಾಲಿಸಿ ಎಂಬ ಒಂದು ಸಾಲು ಇದೆ. ತಾನಾಗಿ ಹುಟ್ಟುವ ವಾಲ್ಯೂಮುಗಳಿಗೆ, ನೀವೇನೂ ಬರೆಯದಿದ್ದರೆ, ಅದು 'ಡಿಲೀಟ್'. ಯಾರಾದರೂ ಕ್ಲೇಮ್ (ವಾಲ್ಯೂಮ್ ಬೇಕೆಂದು ಕೊಟ್ಟ ಕೋರಿಕೆ) ಅಳಿಸಿದರೆ ಹಿಂದಿರುವ ನಿಜವಾದ ಡಿಸ್ಕ್ ಕೂಡ ಹೋಯಿತು. ಡಿಸ್ಕ್ ಉಳಿಸಿಕೊಳ್ಳುವ 'ರಿಟೇನ್' ಮಾಡಿಕೊಳ್ಳಿ. ಹೊಸ ಸ್ಟೋರೇಜ್ ಕ್ಲಾಸ್ (ವಾಲ್ಯೂಮ್ ಹೇಗೆ ಹುಟ್ಟಬೇಕೆಂಬ ನಮೂನೆ) ಮಾಡಿದರೆ ಈಗಾಗಲೇ ಹುಟ್ಟಿರುವ ವಾಲ್ಯೂಮ್ ಬದಲಾಗುವುದಿಲ್ಲ, ಅದನ್ನು ಬೇರೆಯಾಗಿ ತಿದ್ದಬೇಕು.

ನನ್ನನ್ನು ಕೇಳಿದರೆ, ಇಬ್ಬರೇ ಇರುವ ತಂಡ ಡೇಟಾಬೇಸನ್ನು ಕಂಟೇನರಿನಲ್ಲಿ ಇಡುವ ಗೋಜಿಗೇ ಹೋಗಬಾರದು. ಕ್ಲೌಡಿನವರೇ ನಡೆಸುವ ಪೋಸ್ಟ್‌ಗ್ರೆಸ್ ತೆಗೆದುಕೊಳ್ಳಿ. ದುಡ್ಡು ಸ್ವಲ್ಪ ಜಾಸ್ತಿ, ನಿದ್ದೆ ಬರುತ್ತದೆ.

ಬೀಗದಕೈ

ಡೇಟಾಬೇಸಿನ ಪಾಸ್‌ವರ್ಡ್ ಎಲ್ಲಿಟ್ಟಿದ್ದೀರಿ? ಇಮೇಜ್ ಕಟ್ಟುವಾಗ ಒಂದು ಸಾಲಿನಲ್ಲಿ ಫೈಲ್ ಕಾಪಿ ಮಾಡಿ ಮುಂದಿನ ಸಾಲಿನಲ್ಲಿ ಅಳಿಸಿದರೆ ಅದು ಹೋಗುವುದಿಲ್ಲ, ಕೆಳಗಿನ ಪದರದಲ್ಲಿ ಹಾಗೇ ಕೂತಿರುತ್ತದೆ. ಇಮೇಜ್ ಸಿಕ್ಕವರಿಗೆ ಪಾಸ್‌ವರ್ಡೂ ಸಿಕ್ಕಿತು. ಪಾಸ್‌ವರ್ಡ್ ಇಡಲು ಕುಬರ್ನೆಟಿಸ್ ಕೊಡುವ 'ಸೀಕ್ರೆಟ್' ಎಂಬುದರ ಹೆಸರು ನೋಡಿಯೂ ಮೋಸ ಹೋಗಬೇಡಿ. ಅದರೊಳಗಿರುವುದು ಬರೀ ಬೇಸ್64 (ಗುಟ್ಟಲ್ಲ, ಅಕ್ಷರ ಬದಲಿಸಿ ಬರೆಯುವ ರೀತಿ ಅಷ್ಟೆ), ಯಾರು ಬೇಕಾದರೂ ಬಿಚ್ಚಬಹುದು. ಕುಬರ್ನೆಟಿಸ್ ಇವನ್ನೆಲ್ಲ ಕೂಡಿಡುವ ಎಟ್‌ಸಿಡಿಯಲ್ಲಿ ಎನ್‌ಕ್ರಿಪ್ಷನ್ ಆನ್ ಇದೆಯಾ ನೋಡಿ, ಯಾರ್‍ಯಾರಿಗೆ ಓದುವ ಅನುಮತಿ ಇದೆ ಅಂತಲೂ ನೋಡಿ.

ರಿಸ್ಟೋರ್‌ಮಾಡಿನೋಡಿ

ಸ್ನ್ಯಾಪ್‌ಶಾಟ್ (ಆ ಕ್ಷಣದ ಡಿಸ್ಕಿನ ಪ್ರತಿ) ಇದೆ ಅಂತ ಸುಮ್ನೆ ಕೂರಬೇಡಿ. 2017ರ ಜನವರಿ 31ರಂದು, ಪ್ರೋಗ್ರಾಂ ಕೋಡ್ ಇಡುವ ಸೇವೆ ಗಿಟ್‌ಲ್ಯಾಬ್‌ನಲ್ಲಿ ಸುಮಾರು 300 ಜಿಬಿಯ ಮುಖ್ಯ ಡೇಟಾಬೇಸ್ ತಪ್ಪಿ ಅಳಿಸಿಹೋಯಿತು. ಪಿಜಿ ಡಂಪ್ (ಪೋಸ್ಟ್‌ಗ್ರೆಸ್‌ನ ಬ್ಯಾಕಪ್ ಪ್ರೋಗ್ರಾಂ) ತೆಗೆದ ಬ್ಯಾಕಪ್ ನೋಡಲು ಹೋದರೆ ಖಾಲಿ. ಡೇಟಾಬೇಸ್ 9.6, ಓಡುತ್ತಿದ್ದ ಡಂಪ್ ಪ್ರೋಗ್ರಾಂ 9.2. ಪ್ರತಿ ಸಲವೂ ಫೇಲ್ ಆಗುತ್ತಿತ್ತು, ಯಾರ ಗಮನಕ್ಕೂ ಬಂದಿರಲಿಲ್ಲ. ಕೊನೆಗೆ ಕೈಹಿಡಿದದ್ದು ಒಬ್ಬರು ಬೇರೆ ಕೆಲಸಕ್ಕೆಂದು ಆರು ಗಂಟೆ ಮುಂಚೆ ತೆಗೆದಿಟ್ಟಿದ್ದ ಸ್ನ್ಯಾಪ್‌ಶಾಟ್. ಇದನ್ನೆಲ್ಲ ಅವರೇ ಮುಚ್ಚುಮರೆ ಇಲ್ಲದೆ ಬರೆದುಕೊಂಡಿದ್ದಾರೆ. ನಿಮ್ಮ ಕಂಟೇನರಿನಲ್ಲೂ ಡೇಟಾಬೇಸ್, ಡಂಪ್ ಪ್ರೋಗ್ರಾಂ ಎರಡರ ವರ್ಷನ್ ಹೊಂದುತ್ತದಾ ನೋಡಿ. ಬ್ಯಾಕಪ್ಪನ್ನು ಬೇರೆ ಖಾತೆಯಲ್ಲಿಡಿ.

ಹಳೇಸರ್ವರ್

ಎಲ್ಲರಿಗೂ ಥ್ಯಾಂಕ್ಸ್. ಪಾಸ್‌ವರ್ಡ್ ಇಮೇಜಿನ ಒಳಗೇ ಇತ್ತು (ನಾಚಿಕೆಯಾಯಿತು). ಬದಲಾಯಿಸಿದೆ. ಪಾಲಿಸಿ ಕೂಡ 'ಡಿಲೀಟ್' ಎಂದೇ ಇತ್ತು.

ನಿನ್ನೆ ಖಾಲಿ ಸರ್ವರಿನ ಮೇಲೆ ರಿಸ್ಟೋರ್ ಮಾಡಿದೆ. 47 ನಿಮಿಷ ಹಿಡಿಯಿತು. ಡೇಟಾ ಬಂತು, ಆದರೆ ಅಪ್ಲಿಕೇಶನ್ ಒಳಗೇ ಹೋಗಲಿಲ್ಲ. ಪಿಜಿ ಡಂಪ್ ಬಳಕೆದಾರರ ರೋಲುಗಳನ್ನು (ಡೇಟಾಬೇಸಿನ ಲಾಗಿನ್ ಖಾತೆಗಳು) ತರುವುದೇ ಇಲ್ಲವಂತೆ, ಅದಕ್ಕೆ ಪಿಜಿ ಡಂಪ್ ಆಲ್ ಬೇರೆಯಾಗಿ ಓಡಿಸಬೇಕು. ಹನ್ನೊಂದು ವರ್ಷದಿಂದ ಬ್ಯಾಕಪ್ ತೆಗೆಯುತ್ತಿದ್ದೇನೆ, ಇದು ಗೊತ್ತಾಗಿದ್ದು ನಿನ್ನೆ.

ಮ್ಯಾನೇಜ್ಡ್ ಪೋಸ್ಟ್‌ಗ್ರೆಸ್‌ಗೇ ಹೋಗುತ್ತಿದ್ದೇವೆ. ಬುಧವಾರ ಇನ್ನೊಮ್ಮೆ ಪೂರ್ತಿ ರಿಸ್ಟೋರ್ ಮಾಡುತ್ತೇನೆ. ಅಲ್ಲಿಯವರೆಗೆ ಹಳೇ ಸರ್ವರಿನ ಪ್ಲಗ್ ಕೀಳುವುದಿಲ್ಲ.