ಇಬ್ಬರು ಚಂದ್ರರ ಲೋಕದ ಉಬ್ಬರವಿಳಿತಕ್ಕೆ ಒಂದು ಜೋಡಿಪದ ಬೇಕು

ಬಲ್ಲವರೆಲ್ಲರಿಗೂ ಬೀದರಿನಿಂದ ನಮಸ್ಕಾರ. ಹರೆಯದ ಓದುಗರಿಗಾಗಿ ಒಂದು ಕಾದಂಬರಿ ಬರೆಯುತ್ತಿದ್ದೇನೆ. ಅದರ ಲೋಕ ಪೂರ್ತಿ ಕಲ್ಪಿತ. ಅಲ್ಲಿನ ಆಗಸದಲ್ಲಿ ಇಬ್ಬರು ಚಂದ್ರರಿದ್ದಾರೆ. ಅವರ ಸೆಳೆತಕ್ಕೆ ನೀರಿನೊಂದಿಗೆ ಮಂತ್ರದ ಕಸುವೂ ಏರಿ ಇಳಿಯುತ್ತದೆ. ಕಸುವು ಏರಿದ ರಾತ್ರಿ ಎಣ್ಣೆಯಿಲ್ಲದೆ ಹಣತೆ ಉರಿಯುತ್ತದೆ, ಮುರಿದ ಮೂಳೆ ಬೆಳಗಾಗುವುದರೊಳಗೆ ಕೂಡಿಕೊಳ್ಳುತ್ತದೆ. ಇಳಿದಾಗ, ಮಂತ್ರದ ಬಲದಿಂದಲೇ ನಿಂತಿದ್ದ ಸೇತುವೆಗೆ ಮರದ ಆಸರೆ ಕೊಡಲು ಊರವರೆಲ್ಲ ಓಡಬೇಕಾಗುತ್ತದೆ. ಈ ಏರುವುದಕ್ಕೂ ಇಳಿಯುವುದಕ್ಕೂ ಆ ಜನ ದಿನಬಳಕೆಯಲ್ಲಿ ಆಡುವಂಥ ಎರಡು ಪದ ನನಗೆ ಬೇಕು.

‘ಉಬ್ಬರವಿಳಿತ’ ಇದೆಯಲ್ಲ ಎಂದು ಕೇಳುವಿರಿ. ಕರಾವಳಿಯವರಿಗೆ ಅದರಷ್ಟು ಸರಿಯಾದ ಪದ ಬೇರೆ ಇಲ್ಲ. ಆದರೆ ಇಲ್ಲಿ ಉಬ್ಬರ ಎಂದರೆ ಮೊದಲು ನೆನಪಾಗುವುದು ಹೊಟ್ಟೆಯುಬ್ಬರ, ಪತ್ರಿಕೆ ಓದುವವರಿಗೆ ಹಣದುಬ್ಬರ. ಎರಡರಲ್ಲೂ ಉಬ್ಬುವುದೆಂದರೆ ಕೇಡು. ನನ್ನ ಕತೆಯಲ್ಲಿ ಕಸುವು ಏರಿದ ದಿನ ಹಬ್ಬ. ‘ಭರತ–ಇಳಿತ’ ಎಂಬ ಜೋಡಿಯೂ ಇದೆ, ಗಡಿಯಾಚೆಯ ಮರಾಠಿಯಲ್ಲಿ ‘ಭರತಿ–ಓಹೋಟಿ’ ಎನ್ನುತ್ತಾರೆ. ನಮ್ಮ ಭಾಗದಲ್ಲಿ ಭರ್ತಿ ಎಂದರೆ ಆಸ್ಪತ್ರೆಗೆ ಸೇರಿಸುವುದು, ನೌಕರಿಗೆ ತೆಗೆದುಕೊಳ್ಳುವುದು. ಆ ನೆನಪನ್ನು ದಾಟಿ ಚಂದ್ರನವರೆಗೆ ಹೋಗುವುದು ಎಳೆಯ ಓದುಗನಿಗೆ ಕಷ್ಟ.

ನೆರೆ, ಮಹಾಪೂರ ಇವೆರಡನ್ನೂ ಪಕ್ಕಕ್ಕಿಟ್ಟಿದ್ದೇನೆ. 2020ರ ಅಕ್ಟೋಬರಿನಲ್ಲಿ ಭೀಮಾ ಉಕ್ಕಿ ಕಲಬುರಗಿ ಜಿಲ್ಲೆಯ ಊರುಗಳಿಗೆ ನುಗ್ಗಿದ್ದು ಮಳೆಯಿಂದ, ಮೇಲಿನ ಅಣೆಕಟ್ಟುಗಳಿಂದ ಬಿಟ್ಟ ನೀರಿನಿಂದ. ಅಂಥ ನೀರು ಮತ್ತೆ ಯಾವಾಗ ಬಂದೀತೆಂದು ಹೇಳಲು ಬಾರದು. ಚಂದ್ರ ಎಳೆದು ತರುವ ಏರಿಕೆಗೆ ಹೊತ್ತುಗೊತ್ತು ಇರುತ್ತದೆ. ನಮ್ಮ ಭೂಮಿಯ ಬಹುಪಾಲು ಕಡಲತೀರಗಳಲ್ಲಿ ಅದು ಸುಮಾರು 12 ಗಂಟೆ 25 ನಿಮಿಷಕ್ಕೊಮ್ಮೆ.

ಕಡಲನ್ನೇ ಕಾಣದ ಊರಿನಲ್ಲಿ ಕೂತು ಉಬ್ಬರದ ಕತೆಯೇ ಎಂದು ಗೆಳೆಯರು ಕೇಳಿದ್ದುಂಟು. ಕೇಳಬೇಕಾದ ಪ್ರಶ್ನೆಯೇ. ಆದರೆ ಚಂದ್ರನ ಸೆಳೆತ ಕಡಲಿಗೆ ಮಾತ್ರ ಮೀಸಲಾಗಿಲ್ಲ. ಗಟ್ಟಿ ನೆಲವೂ ದಿನಕ್ಕೆ ಎರಡು ಸಲ ಹತ್ತಾರು ಸೆಂಟಿಮೀಟರ್‌ವರೆಗೆ ಏರಿ ಇಳಿಯುತ್ತದೆ. ಮನೆ, ಮರ, ಕೋಟೆ ಎಲ್ಲವೂ ನಮ್ಮೊಂದಿಗೇ ಏರುವುದರಿಂದ ನಮಗೆ ತಿಳಿಯುವುದಿಲ್ಲ. ಕೆಲವು ಆಳದ ಬಾವಿಗಳಲ್ಲಿ ನೀರಿನ ಮಟ್ಟ ಈ ಸೆಳೆತಕ್ಕೆ ತಕ್ಕಂತೆ ಅಲುಗುವುದನ್ನು ಅಳೆದೂ ಇದ್ದಾರೆ. ಇದನ್ನು ಓದಿದಾಗ ನನ್ನ ಕಣ್ಣೆದುರು ಬಂದದ್ದು ನೌಬಾದಿನ ಸುರಂಗ ಬಾವಿ. ಬಹಮನಿ ಸುಲ್ತಾನರ ಕಾಲದಲ್ಲಿ, 15ನೆಯ ಶತಮಾನದಲ್ಲಿ, ಕೆಂಪು ಜಂಬಿಟ್ಟಿಗೆಯ ನೆಲವನ್ನು ಕೊರೆದು ಮಾಡಿದ ನೀರಿನ ದಾರಿ ಅದು. ಕಾಲುವೆ ನೆಲದಡಿ ಹಿತವಾದ ಇಳಿಜಾರಿನಲ್ಲಿ ಸಾಗುತ್ತದೆ, ಅದರುದ್ದಕ್ಕೂ ಮೇಲಿನಿಂದ ಸಾಲಾಗಿ ತೋಡಿದ ಬಾಯಿಗಳಿವೆ. ನನ್ನ ಲೋಕದ ಕಸುವು ಹರಿಯುವುದೂ ಇಂಥದೇ ದಾರಿಯಲ್ಲಿ. ಬಾಯಿಯೊಂದರ ಅಂಚಿನಲ್ಲಿ ಕಾವಲು ಕೂತ ಹುಡುಗಿ ಕೆಳಗೆ ಬಗ್ಗಿ ನೋಡಿ ಊರಿಗೆ ಕೇಳುವಂತೆ ಕೂಗಬೇಕು. ಏನೆಂದು ಕೂಗಬೇಕು ಎಂಬುದೇ ನನ್ನ ತೊಡಕು.

ಸದ್ಯಕ್ಕೆ ಮನಸ್ಸು ಬಸವಣ್ಣನವರ ಒಂದು ವಚನದ ಕಡೆ ವಾಲಿದೆ. ‘ಚಂದ್ರೋದಯಕ್ಕೆ ಅಂಬುಧಿ ಹೆಚ್ಚುವುದಯ್ಯಾ, ಚಂದ್ರ ಕುಂದೆ ಕುಂದುವುದಯ್ಯಾ.’ ಬಸವಕಲ್ಯಾಣ ನಮ್ಮದೇ ಜಿಲ್ಲೆ ಎಂಬ ಅಭಿಮಾನ ಇದ್ದೇ ಇದೆ, ಆದರೆ ನಾನು ಮೆಚ್ಚಿದ್ದು ಆ ‘ಕುಂದು’ವನ್ನು. ಚಂದ್ರನಿಗೂ ಅದೇ ಕ್ರಿಯಾಪದ, ಕಡಲಿಗೂ ಅದೇ. ಎರಡರ ನಂಟು ಬಿಡಿಸಿ ಹೇಳದೆಯೇ ಕಿವಿಗೆ ಬೀಳುತ್ತದೆ. (ಅಮಾವಾಸ್ಯೆಯಲ್ಲೂ ಕಡಲು ಹುಣ್ಣಿಮೆಯಂತೆಯೇ ಏರುತ್ತದೆ ಎಂಬುದು ನಿಜ. ಅದರಿಂದ ಈ ಸಾಲಿನ ಚೆಲುವಿಗೆ ಏನೂ ಕೊರೆಯಾಗದು.) ಹಾಗಾಗಿ ‘ಪೆರ್ಚು–ಕುಂದು’ ಎಂಬ ಜೋಡಿಯನ್ನು ನಾಮಪದವಾಗಿ ಬಳಸಬೇಕೆಂದಿದ್ದೇನೆ. ‘ಹೆಚ್ಚು’ ಎಂದು ಹೊಸಗನ್ನಡದಲ್ಲೇ ಇಟ್ಟರೆ ಅದು ಜಾಸ್ತಿ ಎಂಬ ಅರ್ಥಕ್ಕೆ ಜಾರಿಬಿಡುತ್ತದೆ. ಹಳಗನ್ನಡದ ‘ಪೆರ್ಚು’ವಿಗೆ ಆ ಕಾಟವಿಲ್ಲ. ‘ಕುಂದು’ ಎಂದರೆ ‘ಕುಂದುಕೊರತೆ’ ನೆನಪಾಗಬಹುದು, ಆದರೂ ‘ಕಸುವು ಕುಂದಿತು’ ಎನ್ನುವುದು ಈಗಲೂ ಜೀವಂತ ಮಾತು.

ಇನ್ನು ಚಂದ್ರರ ಹೆಸರು. ಬೆಳ್ದಿಂಗಳಿನ ದಾರಿಯಲ್ಲೇ ‘ಹಿರಿದಿಂಗಳು’, ‘ಕಿರುದಿಂಗಳು’ ಎಂದಿಟ್ಟಿದ್ದೇನೆ. ಹಿರಿಯದು 30 ದಿನಕ್ಕೆ ಒಂದು ಸುತ್ತು ಬರುತ್ತದೆ, ಕಿರಿಯದು 12 ದಿನಕ್ಕೆ. ಲೆಕ್ಕ ಹಾಕಿದರೆ 20 ದಿನಕ್ಕೊಮ್ಮೆ ಇಬ್ಬರೂ ಒಂದೇ ದಿಕ್ಕಿನಲ್ಲಿ ಕೂಡುತ್ತಾರೆ. ಅದಾಗಿ 10 ದಿನಕ್ಕೆ ಎದುರುಬದುರಾಗುತ್ತಾರೆ, ಆಗಲೂ ಸೆಳೆತದ ಗೆರೆ ಒಂದೇ ಆಗುವುದರಿಂದ ಕಸುವು ಮತ್ತೆ ತುದಿ ಮುಟ್ಟುತ್ತದೆ. ಇಬ್ಬರೂ ಕೂಡುವ ದಿನಕ್ಕೆ ‘ಜೋಡುಹುಣ್ಣಿಮೆ’ ಎನ್ನಲು ಆಸೆಯಾಗುತ್ತದೆ, ಆದರೆ ಹಾಗೆನ್ನಲು ಬರುವುದಿಲ್ಲ. ಕೂಡಿದ ದಿನ ಇಬ್ಬರೂ ಎಳೆಯ ಬಿದಿಗೆಯ ಗೆರೆಗಳಾಗಿರಬಹುದು, ಕಾಣದೆಯೂ ಇರಬಹುದು. ಪಂಚಾಂಗದ ‘ಯುತಿ’ ಸರಿಯಾದ ಪದ, ಆದರೆ ಹಬ್ಬದ ಹೆಸರಿಗೆ ತೀರ ಒಣ. ‘ಕೂಡಲು’ ಹೇಗೆ? ಹೊಳೆಗಳು ಕೂಡುವ ಜಾಗಕ್ಕೆ ಇರುವ ಪದವನ್ನು ಬೆಳಕುಗಳು ಕೂಡುವ ದಿನಕ್ಕೆ ಹೊರಿಸಬಹುದೇ?

ಹಳಗನ್ನಡ ಬಲ್ಲವರು ‘ಪೆರ್ಚು’ ಕಡಲಿಗೆ ನಾಮಪದವಾಗಿಯೇ ಬಂದಿರುವ ಪ್ರಯೋಗ ಕಂಡಿದ್ದರೆ ದಯವಿಟ್ಟು ತಿಳಿಸಿ. ಕರಾವಳಿಯವರಲ್ಲಿ ಇನ್ನೊಂದು ಕೇಳಿಕೆ. ಏರಿದ ನೀರು ಇಳಿಯತೊಡಗುವ ಮುನ್ನ ಎತ್ತಲೂ ಸರಿಯದೆ ತುಸು ಹೊತ್ತು ನಿಲ್ಲುತ್ತದಲ್ಲ, ಆ ಹೊತ್ತಿಗೆ ಅಂಕೋಲಾ, ಕುಮಟಾ, ಮಲ್ಪೆಯ ಕಡೆ ದೋಣಿ ನಡೆಸುವವರು ಏನೆನ್ನುತ್ತಾರೆ? ನನ್ನ ಮೂರನೆಯ ಅಧ್ಯಾಯ ನಡೆಯುವುದು ಅಷ್ಟು ಹೊತ್ತಿನಲ್ಲೇ.