ಪದ ಬೇಕು: ಡ್ಯಾಮೇಜ್ ‘ಪ್ರಿವೆಂಟ್’ ಆಗುವುದಕ್ಕೆ ಒಂದು, ಲೈಫ್ ‘ಗೇನ್’ ಆಗುವುದಕ್ಕೆ ಇನ್ನೊಂದು

ಪ್ರಶ್ನೆ

ಗೆಳೆಯರೇ, ಸ್ವಲ್ಪ ಅರ್ಜೆಂಟು. ಮ್ಯಾಜಿಕ್: ದ ಗ್ಯಾದರಿಂಗ್ ಎಂಬ ಕಾರ್ಡಿನ ಆಟವನ್ನು ಹೊಸಬರಿಗೆ ಹೇಳಿಕೊಡಲು ಎರಡು ಪುಟದ ಕನ್ನಡ ಹಾಳೆ ಮಾಡುತ್ತಿದ್ದೇನೆ. ನಾಳೆ ಬೆಳಿಗ್ಗೆ ಪ್ರಿಂಟಿಗೆ ಹೋಗಬೇಕು. ಒಂದೇ ಒಂದು ಕಾರ್ಡಿನ ಹತ್ತಿರ ಸಿಕ್ಕಿಹಾಕಿಕೊಂಡಿದ್ದೇನೆ. 1993ರ ಮೊದಲ ಸೆಟ್ಟಿನಲ್ಲೇ ಬಂದ ಹೀಲಿಂಗ್ ಸಾಲ್ವ್. ಅದರಲ್ಲಿ ಎರಡು ಆಯ್ಕೆ. ಒಂದು, ಒಬ್ಬ ಆಟಗಾರನ ಲೈಫ್ (ಸೊನ್ನೆಗೆ ಇಳಿದರೆ ಸೋಲು ಎನ್ನುವ ಅಂಕ) 3 ಜಾಸ್ತಿ ಆಗುತ್ತದೆ. ಇನ್ನೊಂದು, ಈ ಸರದಿಯಲ್ಲಿ ಇನ್ನು ಮುಂದೆ ಬೀಳಲಿರುವ ಡ್ಯಾಮೇಜಿನಲ್ಲಿ 3 ಬೀಳುವುದೇ ಇಲ್ಲ.

ಮೊದಲ ಕರಡಿನಲ್ಲಿ ಎರಡಕ್ಕೂ ‘ಜೀವ ಉಳಿಸು’ ಎಂದು ಬರೆದಿದ್ದೆ. ಆಡಿಸಿ ನೋಡಿದಾಗ ಎಡವಟ್ಟು ಗೊತ್ತಾಯಿತು. ಆಡುತ್ತಿದ್ದ ಹುಡುಗಿಯ ಲೈಫ್ 2ಕ್ಕೆ ಬಂದಿತ್ತು. ಎದುರಿನವನು 3 ಡ್ಯಾಮೇಜಿನ ಲೈಟ್ನಿಂಗ್ ಬೋಲ್ಟ್ ಹಾಕಿದ. ಇವಳು ಹೀಲಿಂಗ್ ಸಾಲ್ವ್ ಇಟ್ಟು ಎರಡನೇ ಆಯ್ಕೆ ಹೇಳಿದಳು. ಸರಿ, ಬದುಕಿಕೊಂಡಳು. ತಕ್ಷಣ ಒಂದು ಕೌಂಟರ್ (ಕಾರ್ಡಿನ ಬಲ ಏರಿತು ಎಂದು ಗುರುತಿಗೆ ಇಡುವ ಬಿಲ್ಲೆ) ತೆಗೆದು ತನ್ನ ಅಜಾನೀಸ್ ಪ್ರೈಡ್‌ಮೇಟ್ ಮೇಲೆ ಇಟ್ಟುಬಿಟ್ಟಳು. ಲೈಫ್ ಗೇನ್ ಆದಾಗೆಲ್ಲ ಆ ಕಾರ್ಡಿಗೆ ಒಂದು ಕೌಂಟರ್ ಸಿಗುತ್ತದೆ. ಆದರೆ ಇಲ್ಲಿ ಗೇನ್ ಆಗಿಲ್ಲ! ಅವಳ ಲೆಕ್ಕದ ಚೀಟಿಯಲ್ಲಿ ಪೆನ್ಸಿಲ್‌ನಿಂದ ಬರೆದ 2 ಹಾಗೇ ಇತ್ತು. ಮೊದಲ ಆಯ್ಕೆ ಹೇಳಿದ್ದರೆ 2 ಹೊಡೆದು 5, ಬೋಲ್ಟ್ ಬಿದ್ದ ಮೇಲೆ 5 ಹೊಡೆದು ಮತ್ತೆ 2 ಬರೆಯಬೇಕಿತ್ತು. ಕೊನೆಗೆ ಉಳಿಯುವುದು ಎರಡರಲ್ಲೂ 2. ಆದರೆ ಒಂದರಲ್ಲಿ ಕೌಂಟರ್ ಬರುತ್ತದೆ, ಇನ್ನೊಂದರಲ್ಲಿ ಬರುವುದಿಲ್ಲ. ತಪ್ಪು ಅವಳದಲ್ಲ, ನನ್ನ ಹಾಳೆಯದು. ಎರಡು ಬೇರೆ ಬೇರೆ ಕ್ರಿಯಾಪದ ಕೊಡಿ, ದಯವಿಟ್ಟು.

ಮರು 1

ಹಾನಿ ನಿವಾರಣೆ. ಜೀವವೃದ್ಧಿ. ಇದಕ್ಕೆ ಚರ್ಚೆಯೇ ಬೇಡ. ‘ಹನ್’ ಧಾತುವಿನಿಂದ ಬಂದ ಹಾನಿಯಲ್ಲಿ ಹೊಡೆಯುವುದೂ ಕೊಲ್ಲುವುದೂ ಎರಡೂ ಇದೆ. ಡ್ಯಾಮೇಜಿಗೆ ಇದಕ್ಕಿಂತ ಹತ್ತಿರದ ಪದ ಸಿಗುವುದಿಲ್ಲ.

ಮರು 2

ಕ್ಷಮಿಸಿ ಸಾರ್, ಇದು ತಪ್ಪು. ಹನ್ ಧಾತುವಿನಿಂದ ಹತ, ಹತ್ಯೆ, ಹನನ ಬರುತ್ತವೆ. ಹಾನಿ ಬಂದದ್ದು ‘ಹಾ’ ಧಾತುವಿನಿಂದ. ಅದರ ಅರ್ಥ ಬಿಡು, ತೊರೆ. ಅಂದರೆ ಹಾನಿ ಎಂದರೆ ಕಳೆದುಹೋಗುವುದು. ‘ಲಾಭ ಹಾನಿ’ ಎನ್ನುವುದು ಅದಕ್ಕೇ ಅಲ್ವಾ.

ಇದು ಸುಮ್ನೆ ವ್ಯುತ್ಪತ್ತಿಯ ಜಗಳ ಅಲ್ಲ. ಈ ಆಟದಲ್ಲಿ ಡ್ಯಾಮೇಜ್ ಬೇರೆ, ಲೈಫ್ ಕಳೆಯುವುದು ಬೇರೆ. ಆಟಗಾರನಿಗೆ ಡ್ಯಾಮೇಜ್ ಬಿದ್ದರೆ ಸಾಮಾನ್ಯವಾಗಿ ಲೈಫ್ ಕಳೆಯುತ್ತದೆ, ಸರಿ. ಆದರೆ ಲೈಫ್ ಕಳೆದದ್ದೆಲ್ಲ ಡ್ಯಾಮೇಜಿನಿಂದಲ್ಲ. ಒಂದು ಕಾರ್ಡು ನೇರವಾಗಿ ‘ನಿನ್ನ ಲೈಫ್‌ನಲ್ಲಿ 2 ಕಳೆಯಿತು’ ಎಂದರೆ ಹೀಲಿಂಗ್ ಸಾಲ್ವ್‌ನ ಎರಡನೇ ಆಯ್ಕೆ ಏನೂ ಮಾಡಲಾರದು. ಬೆಲೆಯಾಗಿ ಲೈಫ್ ಕೊಟ್ಟಾಗಲೂ ಅಷ್ಟೇ. ಡ್ಯಾಮೇಜಿಗೆ ‘ಹಾನಿ’ ಎಂದು ಬರೆದರೆ ಓದುವವರು ಇವೆರಡನ್ನೂ ಒಂದೇ ಎಂದುಕೊಳ್ಳುತ್ತಾರೆ.

ಇನ್ನು ‘ನಿವಾರಣೆ’. ನೋವು ನಿವಾರಣೆ, ಬಡತನ ನಿವಾರಣೆ. ಬಂದದ್ದನ್ನು ಹೋಗಲಾಡಿಸುವುದು. ಇಲ್ಲಿ ಬೇಕಿರುವುದು ಬರುವುದಕ್ಕೆ ಮುಂಚೆಯೇ ನಿಲ್ಲಿಸುವ ಪದ. ಬಿದ್ದ ಡ್ಯಾಮೇಜನ್ನು ಆಮೇಲೆ ಪ್ರಿವೆಂಟ್ ಮಾಡಲು ಆಗುವುದೇ ಇಲ್ಲ. ‘ಪೆಟ್ಟು’ ಮತ್ತು ‘ತಡೆ’ ಇಡಿ. ಪೆಟ್ಟು ತಡೆದರೆ ಪೆಟ್ಟು ಬಿದ್ದೇ ಇಲ್ಲ.

ಮರು 3

ಪೆಟ್ಟು ತೆಲುಗಿನದು. ಅಚ್ಚಗನ್ನಡದ್ದಾಗಿದ್ದರೆ ಮೊದಲಿನ ಪ ಹ ಆಗಬೇಕಿತ್ತು. ಪಾಲ್ ಹಾಲು ಆಯಿತು, ಪೂ ಹೂ ಆಯಿತು, ಪೆಟ್ಟು ಯಾಕೆ ಆಗಲಿಲ್ಲ? ‘ಏಟು’ ಇಡಿ. ಜೀವವೂ ಸಂಸ್ಕೃತ, ‘ಉಸಿರು’ ಇಡಿ. ‘ಉಸಿರು ಪಡೆ’, ‘ಏಟು ತಡೆ’. ಮುಗಿಯಿತು.

ಮರು 4

ನೀವೇ ಸೂಚಿಸಿದ ‘ಪಡೆ’ಯಲ್ಲೂ ಪ ಹಾಗೇ ಕೂತಿದೆಯಲ್ಲ. ‘ಪಾಡು’ ಮತ್ತು ‘ಹಾಡು’ ಎರಡೂ ಇವತ್ತಿಗೂ ಬಳಕೆಯಲ್ಲಿವೆ. ಬರೀ ಪ ನೋಡಿ ಪದವನ್ನು ಊರಾಚೆ ಹಾಕಲು ಆಗುವುದಿಲ್ಲ. ಇನ್ನು ಆಟದ ಮಧ್ಯೆ ‘ನನಗೆ 3 ಉಸಿರು’ ಎಂದು ಯಾರು ಹೇಳುತ್ತಾರೆ?

ಪ್ರಶ್ನೆ ಕೇಳಿದವರಿಗೆ ಎರಡು ಮಾತು, ಇವೆರಡೂ ನಿಜವಾಗಿ ತೊಂದರೆ ಕೊಡುತ್ತವೆ.

‘ತಡೆ’ ಒಳ್ಳೆಯದೇ, ಆದರೆ ‘ತಡೆದುಕೊ’ ಎಂದು ಬರೆಯಬೇಡಿ. ‘ಅವನು ಪೆಟ್ಟು ತಡೆದುಕೊಂಡ’ ಎಂದರೆ ಪೆಟ್ಟು ಬಿತ್ತು, ಅವನು ಸಹಿಸಿಕೊಂಡ ಎಂದರ್ಥ. ಒಂದು ‘ಕೊಳ್ಳು’ ಸೇರಿದರೆ ನಿಯಮ ತಲೆಕೆಳಗಾಗುತ್ತದೆ.

ಎರಡನೆಯದು ಇನ್ನೂ ಮುಖ್ಯ. ‘3 ಪೆಟ್ಟು’ ಎಂದರೆ ಕನ್ನಡದಲ್ಲಿ ಮೂರು ಸಲ ಹೊಡೆದ ಹಾಗೆ. ನಿಮಗೆ ಬೇಕಿರುವುದು ಮೂರು ತೂಕದ ಒಂದು ಪೆಟ್ಟು. ‘ಮುಂದಿನ 3 ಪೆಟ್ಟು ತಡೆ’ ಎಂದು ಬರೆದರೆ, ಐದೈದರ ಮೂರು ದಾಳಿ ಬಂದರೂ ಹದಿನೈದನ್ನೂ ತಡೆಯಬಹುದು ಎಂದು ಓದುವವರು ವಾದಿಸುತ್ತಾರೆ, ಆ ವಾದ ಕನ್ನಡದ ಪ್ರಕಾರ ಸರಿಯೂ ಹೌದು. ಹೀಲಿಂಗ್ ಸಾಲ್ವ್ ಎಣಿಸುವುದು ಅಂಕವನ್ನು. ಮೊದಲು 2 ಬಂದರೆ 2 ತಡೆದು, ಉಳಿದ 1 ಅದೇ ಸರದಿಯಲ್ಲಿ ಮುಂದಿನದಕ್ಕೆ ಕಾದಿರುತ್ತದೆ. ‘ರಿವರ್ಸ್ ಡ್ಯಾಮೇಜ್’ ಎಂಬ ಇನ್ನೊಂದು ಕಾರ್ಡು ಎಣಿಸುವುದು ಸಲವನ್ನು. ನೀವು ಆರಿಸಿದ ಕಡೆಯಿಂದ ಮುಂದಿನ ಸಲ ಬರುವ ಅಷ್ಟನ್ನೂ ತಡೆಯುತ್ತದೆ, ಎಷ್ಟು ತಡೆಯಿತೋ ಅಷ್ಟು ಲೈಫ್ ಕೊಡುತ್ತದೆ. ತಡೆಯುವುದೂ ಪಡೆಯುವುದೂ ಒಂದೇ ಕಾರ್ಡಿನಲ್ಲಿ, ಆದರೆ ಎರಡು ಬೇರೆ ವಾಕ್ಯದಲ್ಲಿ. ‘ನೂರರ ನೋಟು’ ಎನ್ನುವುದಿಲ್ಲವೇ, ಹಾಗೆ ‘3ರ ಪೆಟ್ಟು’ ಎನ್ನಿ. ತಡೆಗೆ ‘ಪೆಟ್ಟಿನಲ್ಲಿ 3 ತಡೆ’.

ಮರು 5

ಇಷ್ಟೆಲ್ಲ ಯಾಕೆ? ಕಾರ್ಡಿನ ಮೇಲೆ ಇಂಗ್ಲಿಷ್ ಇದೆ. ಆಡುವವರು ಡ್ಯಾಮೇಜ್, ಪ್ರಿವೆಂಟ್, ಲೈಫ್ ಎಂದೇ ಹೇಳುತ್ತಾರೆ. ಕ್ರಿಕೆಟ್ಟಿನ ರನ್ನು, ವಿಕೆಟ್ಟು ಕನ್ನಡ ಆಗಲಿಲ್ಲವೇ? ಹೊಸ ಪದ ಹುಟ್ಟಿಸಿ ಹೊಸಬರಿಗೆ ಎರಡು ಸಲ ಕಲಿಸುವುದು ಬೇಡ.

ಮರು 6

ರನ್ನಿಗೆ ಕನ್ನಡದಲ್ಲಿ ಜೋಡಿ ಇರಲಿಲ್ಲ, ಬಂತು, ಇರಲಿ. ತಡೆಯುವುದು ಪಡೆಯುವುದು ನಾವು ದಿನಾ ಹೇಳುವ ಮಾತು, ಅದಕ್ಕೂ ಎರವಲು ಬೇಕೇ? ಇಸ್ಪೀಟಿನ ಗುಲಾಮ ಅರಬ್ಬಿಯಿಂದ ಬಂದ, ರಾಣಿ ಸಂಸ್ಕೃತದ ರಾಜ್ಞಿಯಿಂದ ಬಂದಳು, ಯಾರಿಗೂ ತೊಂದರೆ ಇಲ್ಲ. ಅವು ಹೆಸರುಗಳು. ಕ್ರಿಯಾಪದ ಹಾಗಲ್ಲ. ವಾಕ್ಯದಲ್ಲಿ ಏನು ನಡೆಯಿತು ಎಂದು ಹೇಳುವುದೇ ಅದು. ಲೈಫ್‌ಲಿಂಕ್ ತೆಗೆದುಕೊಳ್ಳಿ, ಹೊಡೆದ ಪೆಟ್ಟಿನಷ್ಟೇ ಜೀವವನ್ನು ಒಡೆಯನಿಗೆ ಕೊಡುವ ಗುಣ ಅದು. ಅದು ಇರುವ ಪ್ರಾಣಿ (ಕ್ರೀಚರ್ ಕಾರ್ಡು) 4ರ ಪೆಟ್ಟು ಹೊಡೆಯಿತು, ಅದರಲ್ಲಿ 3 ತಡೆಯಲಾಯಿತು. ಹೊಡೆದವನಿಗೆ ಎಷ್ಟು ಜೀವ ಸಿಗುತ್ತದೆ? ಇಂಗ್ಲಿಷಿನಲ್ಲಿ ಬಾಯಿಪಾಠ ಮಾಡಿದ ಎಷ್ಟೋ ಜನ 4 ಎನ್ನುತ್ತಾರೆ. ‘ತಡೆದದ್ದು ಬಿದ್ದಿಲ್ಲ’ ಎಂದು ಕನ್ನಡದಲ್ಲಿ ಹೇಳಿದ ಕೂಡಲೇ 1 ಎಂದು ತಾವೇ ಹೇಳುತ್ತಾರೆ. ಬಿದ್ದದ್ದು ಒಂದೇ, ಸಿಗುವುದೂ ಒಂದೇ.

ಮರು 7

ಮತ್ತೆ ಅದೇ ಹಟ. ಹಾಗಾದರೆ ‘ಕೌಂಟರ್’ ಯಾಕೆ ಬಿಟ್ಟಿರಿ?

ಮರು 8

‘ಗಾಯ’ ಯಾಕಾಗಬಾರದು? ಘಾತದ ತದ್ಭವ, ಹಳ್ಳಿಯಿಂದ ಪಟ್ಟಣದವರೆಗೆ ಎಲ್ಲರಿಗೂ ಗೊತ್ತು.

ಮರು 9 (ಪ್ರಶ್ನೆ ಕೇಳಿದವನು)

ಎಲ್ಲರಿಗೂ ನಮಸ್ಕಾರ. ರಾತ್ರಿಯೆಲ್ಲ ಕೂತು ಓದಿದೆ.

ಗಾಯ ನನಗೆ ಇಷ್ಟವಾಯಿತು, ಆದರೆ ಅದನ್ನು ಪ್ರಾಣಿಗಳಿಗೆ ಮಾತ್ರ ಇಟ್ಟುಕೊಳ್ಳುತ್ತೇನೆ. ಅವುಗಳ ಮೇಲೆ ಬಿದ್ದ ಪೆಟ್ಟು ಸರದಿ ಮುಗಿಯುವಾಗ ಹೋಗಿಬಿಡುತ್ತದೆ. ‘ಗಾಯ ಮಾಯಿತು’ ಎಂದರೆ ಅಷ್ಟೂ ಅರ್ಥವಾಗುತ್ತದೆ. ಆಟಗಾರನದು ಹಾಗೆ ಮಾಯುವುದಿಲ್ಲ. 20ರಿಂದ 17ಕ್ಕೆ ಇಳಿದರೆ ಇಳಿದದ್ದೇ, ಮತ್ತೆ ಪಡೆದರೆ ಮಾತ್ರ ಏರುತ್ತದೆ. ಪೋಕೆಮಾನ್ ಕಾರ್ಡಿನ ಹಾಳೆ ಮಾಡುವವರು ಯಾರಾದರೂ ಇದ್ದರೆ ಗಾಯ ಅಲ್ಲಿಗೂ ಚೆನ್ನಾಗಿ ಕೂರುತ್ತದೆ, ಅಲ್ಲಿ ‘ಹೀಲ್’ ಎಂದರೆ ಮೇಲಿಟ್ಟ ಡ್ಯಾಮೇಜ್ ಕೌಂಟರ್‌ಗಳನ್ನು ತೆಗೆಯುವುದು.

‘ಜೀವ’ ಇರಲಿ. ಆದರೆ ‘3 ಜೀವ ಕಳೆದುಕೊಳ್ಳುತ್ತಾನೆ’ ಎಂದು ಬರೆದದ್ದನ್ನು ಹೊಡೆದುಹಾಕಿದೆ. ಜೀವ ಕಳೆದುಕೊಂಡ ಎಂದರೆ ನಮ್ಮಲ್ಲಿ ಸತ್ತ ಎಂದೇ. ‘ಜೀವ 3 ಇಳಿಯುತ್ತದೆ’ ಎಂದು ಮಾಡಿದ್ದೇನೆ. ಡ್ಯಾಮೇಜಿಗೆ ಪೆಟ್ಟು, ಪ್ರಿವೆಂಟಿಗೆ ತಡೆ, ಗೇನಿಗೆ ಪಡೆ. ಕೌಂಟರ್ ಕೌಂಟರೇ, ಅದಕ್ಕೆ ಇವತ್ತು ಟೈಮಿಲ್ಲ.

ಹಾಳೆಗೆ ಹೋದದ್ದು ಇಷ್ಟು:

ಹೀಲಿಂಗ್ ಸಾಲ್ವ್. ಎರಡರಲ್ಲಿ ಒಂದನ್ನು ಆರಿಸಿ. ನೀವು ತೋರಿಸಿದ ಆಟಗಾರ ಜೀವ 3 ಪಡೆಯುತ್ತಾನೆ. ಇಲ್ಲವೇ, ನೀವು ತೋರಿಸಿದ ಗುರಿಯ ಮೇಲೆ ಈ ಸರದಿಯಲ್ಲಿ ಇನ್ನು ಬೀಳಲಿರುವ ಪೆಟ್ಟಿನಲ್ಲಿ 3 ತಡೆಯಿರಿ.

ಸ್ಕಲ್‌ಕ್ರ್ಯಾಕ್. ಈ ಸರದಿಯಲ್ಲಿ ಯಾವ ಆಟಗಾರನೂ ಜೀವ ಪಡೆಯುವಂತಿಲ್ಲ. ಈ ಸರದಿಯಲ್ಲಿ ಯಾವ ಪೆಟ್ಟನ್ನೂ ತಡೆಯುವಂತಿಲ್ಲ. ನೀವು ತೋರಿಸಿದ ಆಟಗಾರನ ಮೇಲೆ 3ರ ಪೆಟ್ಟು ಬೀಳುತ್ತದೆ.

ಸ್ಕಲ್‌ಕ್ರ್ಯಾಕ್ ಎರಡನ್ನೂ ಬೇರೆ ಬೇರೆ ವಾಕ್ಯದಲ್ಲಿ ಮುಚ್ಚುತ್ತದೆ, ಅದಕ್ಕೇ ಪಕ್ಕದಲ್ಲಿ ಸೇರಿಸಿದೆ. ಇವತ್ತು ಬೆಳಿಗ್ಗೆ ಅದೇ ಹುಡುಗಿಗೆ ಹೊಸ ಹಾಳೆ ಕೊಟ್ಟು ಅದೇ ಆಟ ಮತ್ತೆ ಹಾಕಿದೆ. ಬೋಲ್ಟ್ ಬಂತು, ಅವಳು ಹಾಳೆ ಓದಿದಳು. ‘ಪಡೆದರೆ ಪ್ರೈಡ್‌ಮೇಟಿಗೂ ಸಿಗುತ್ತದೆ, ತಡೆದರೆ ಇಲ್ಲ ಅಲ್ವಾ’ ಎಂದು ಕೇಳಿ, ಪಡೆಯುವುದನ್ನೇ ಆರಿಸಿ, 5 ಬರೆದು, ಕೌಂಟರ್ ಇಟ್ಟು, ಆಮೇಲೆ 2 ಬರೆದಳು.